ಕ್ಯಾಪ್ಟನ್ ಮುರ್ಜಾನನ ಪ್ರೇಮದ ಸೀನು

ಪ್ರೀತಿಯ ವಿಷಯದಲ್ಲಿ ನನಗೆ ಯಾರೂ ಪಾಠ ಹೇಳಬೇಕಾಗಿಲ್ಲ ಎಂದು ನಾನು ಮೇಜು ಕುಟ್ಟಿ ಸಾರಿದ್ದು ಒಂದು ಭಾನುವಾರ ಬೆಳಿಗ್ಗೆ ಹತ್ತೂವರೆಗೆ. ಜಾಗ, ಅಲೆಕ್ಸಾಂಡ್ರಿಯಾದ ನಮ್ಮ ಕಾಮಿಕ್ಸ್ ವಾರಪತ್ರಿಕೆಯ ಕಚೇರಿ. ಸಾಕ್ಷಿಗಳು ಐದು ಜನ. ಕುಟ್ಟಿದ ರಭಸಕ್ಕೆ ಸಂಪಾದಕರ ಚಹಾ ಚೆಲ್ಲಿ ಅವರ ಪ್ಯಾಂಟಿನ ಮೇಲೆ ನೈಲ್ ನದಿಯಂತೆ ಹರಿಯಿತು. ಅದನ್ನೇ ಅಪಶಕುನ ಎಂದು ತಿಳಿದು ಬಾಯಿ ಮುಚ್ಚಿದ್ದರೆ ಈ ಬರಹಕ್ಕೆ ಕೆಲಸವಿರುತ್ತಿರಲಿಲ್ಲ!

ನಾನು ವಜ್ದಿ. ಕ್ಯಾಪ್ಟನ್ ಮುರ್ಜಾನನ ಕಥೆ, ಮಾತು ಎಲ್ಲ ನನ್ನದು. ಮುರ್ಜಾನ್ ಎಂದರೆ ಹವಳ. ನಮ್ಮ ಕ್ಯಾಪ್ಟನ್ ನೀರೊಳಗೆ ನಲವತ್ತು ನಿಮಿಷ ಉಸಿರು ಕಟ್ಟುತ್ತಾನೆ, ಮೀನುಗಳ ಭಾಷೆ ಬಲ್ಲ, ಕಳ್ಳಸಾಗಣೆಯವರನ್ನು ಬಾಲ ಹಿಡಿದು ಎಳೆದು ತರುತ್ತಾನೆ. ಬಂದರಿನ ಔಷಧಿ ಅಂಗಡಿಯ ಹುಡುಗಿ ದುರ್ರಿಯಾಳನ್ನು ಒಂಬತ್ತು ವರ್ಷಗಳಲ್ಲಿ ಹದಿನೇಳು ಸಲ ಕಾಪಾಡಿದ್ದಾನೆ. ಆಕ್ಟೋಪಸ್ಸಿನಿಂದ ನಾಲ್ಕು ಸಲ, ಮುಳುಗುವ ಹಡಗಿನಿಂದ ಐದು ಸಲ, ಒಮ್ಮೆ ಬ್ರೇಕು ಕೆಟ್ಟ ಈರುಳ್ಳಿ ಲಾರಿಯಿಂದ. ಪ್ರತಿಸಲವೂ ಅವಳು, “ಬಹಳ ಉಪಕಾರವಾಯಿತು ಕ್ಯಾಪ್ಟನ್” ಎನ್ನುತ್ತಾಳೆ. ಇವನು, “ಇದು ನನ್ನ ಕರ್ತವ್ಯ ಕುಮಾರಿ” ಎನ್ನುತ್ತಾನೆ. ಆಮೇಲೆ ದುಡುಂ! ಸಮುದ್ರಕ್ಕೆ ಹಾರುತ್ತಾನೆ.

ಆ ಭಾನುವಾರ ಸಂಪಾದಕ ಉಸ್ತಾದ್ ಇಸ್ಮತ್ ಓದುಗರ ಕಾಗದಗಳ ಕಟ್ಟೊಂದನ್ನು ನಮ್ಮ ಮುಂದೆ ಬಿಚ್ಚಿದ್ದರು.

“ಇದು ತಂತಾ ಊರಿನ ಒಬ್ಬ ಹುಡುಗಿ ಬರೆದಿದ್ದು. ‘ಕ್ಯಾಪ್ಟನ್ ಪ್ರತಿಸಲ ಸಮುದ್ರಕ್ಕೇ ಯಾಕೆ ವಾಪಸ್ ಹೋಗ್ತಾನೆ? ಅಲ್ಲಿ ಆಗ್ಲೇ ಒಂದು ಸಂಸಾರ ಇದೆಯಾ?’ ಇನ್ನೊಬ್ಬಳು ಕೇಳ್ತಾಳೆ, ‘ನಾನು ಮೂರನೇ ಕ್ಲಾಸಲ್ಲಿ ಓದೋಕೆ ಶುರು ಮಾಡಿದ್ದು. ನಂದೇ ನಿಶ್ಚಿತಾರ್ಥ ಆಗೋಯ್ತು. ಅವರದ್ದು ಯಾವಾಗ?’ ವಜ್ದಿ, ಜನಕ್ಕೆ ಆಕ್ಟೋಪಸ್ ಸಾಕಾಗಿದೆ ಕಣಯ್ಯ. ಪ್ರೀತಿ ಬೇಕಂತೆ!”

“ಪ್ರೀತಿ ತಾನೇ?” ಎಂದೆ. ಮೇಜು ಕುಟ್ಟಿದ್ದು ಆಗಲೇ. “ಎರಡೇ ಸಂಚಿಕೆ ಕೊಡಿ ಉಸ್ತಾದ್! ಇಡೀ ಅಲೆಕ್ಸಾಂಡ್ರಿಯಾ ಕರವಸ್ತ್ರ ಹಿಡ್ಕೊಂಡು ಓಡಾಡಬೇಕು, ಹಾಗೆ ಬರೀತೀನಿ. ಪ್ರೀತಿ ಅನ್ನೋದು ನನಗೆ ನೀರು ಕುಡಿದಷ್ಟು ಸುಲಭ!”

ಮೂಲೆಯಲ್ಲಿ ಪೆನ್ಸಿಲು ಹೆರೆಯುತ್ತಿದ್ದ ಮೇಡಂ ನಾಹಿದ್ ತಲೆ ಎತ್ತಿ ನೋಡಿದರು. ಮುರ್ಜಾನನಿಗೆ ಮೂಗು ಕಣ್ಣು ಕೊಟ್ಟವರು ಅವರೇ. ನಿವೃತ್ತಿಗೆ ಎರಡು ವರ್ಷ ಬಾಕಿ ಇರುವ ಆ ಚಿತ್ರಗಾರ್ತಿಯ ಪೆನ್ಸಿಲಿಗಿಂತ ನಾಲಿಗೆಯೇ ಮೊನಚು.

“ನೀರು ಕುಡಿದಷ್ಟು ಅಂದ್ಯಾ? ನೀರು ಕುಡಿದೇ ಜನ ಮುಳುಗೋದು ಮಗನೇ” ಎಂದರು.

ನಾನು ಕಿವಿಗೆ ಹಾಕಿಕೊಳ್ಳಲಿಲ್ಲ. ಮಧ್ಯಾಹ್ನದೊಳಗೆ ಪುಟ ಬರೆದು ಮುಗಿಸಿ, ಗತ್ತಿನಿಂದ ಅವರ ಮುಂದಿಟ್ಟೆ. ಮೊದಲನೇ ಚೌಕದ ಮಾತು ಹೀಗಿತ್ತು: “ಓ ದುರ್ರಿಯಾ! ಏಳು ಕಡಲುಗಳ ಆಳ ಅಳೆದ ಈ ಮುರ್ಜಾನ್, ನಿನ್ನ ಕಣ್ಣುಗಳ ಆಳ ಅಳೆಯಲಾರದೆ ಮುಳುಗುತ್ತಿದ್ದಾನೆ! ನಿನ್ನ ನಗೆಯ ಹಗ್ಗವನ್ನು ಎಸೆ! ಇಲ್ಲವೇ ನಿನ್ನ ಮೌನದ ಲಂಗರನ್ನು ನನ್ನ ಎದೆಗೆ ಕಟ್ಟಿ ತಳಕ್ಕೆ ಇಳಿಸು!” ಹೀಗೇ ಇನ್ನೂ ಮೂವತ್ತೆಂಟು ಪದ.

ಮೇಡಂ ನಾಹಿದ್ ಎರಡು ಸಲ ಓದಿದರು. “ಇಷ್ಟನ್ನೂ ಮಾತಿನ ಗುಳ್ಳೆಯೊಳಗೆ ತುರುಕಿದ್ರೆ ಚೌಕದಲ್ಲಿ ಉಳಿಯೋ ಜಾಗ ಎರಡು ಜೊತೆ ಕಾಲಿಗೆ ಮಾತ್ರ. ಅದರಲ್ಲೂ ಒಂದು ಜೊತೆ ಬಾತುಕೋಳಿ ಕಾಲು.”

ನಮ್ಮ ಕ್ಯಾಪ್ಟನ್ ಈಜುವ ರಬ್ಬರು ಪಾದಗಳನ್ನು ನೆಲದ ಮೇಲೂ ಬಿಚ್ಚುವುದಿಲ್ಲ, ಅದು ನಿಜ.

“ಸರಿ, ಇದನ್ನ ಹೇಳು. ಅವನು ಹೀಗೆ ಮಾತಾಡ್ತಿರೋವಾಗ ಅವನ ಕೈ ಎಲ್ಲಿರುತ್ತೆ?”

“ಕೈಯಾ? ಕೈ... ಇದ್ದಲ್ಲೇ ಇರುತ್ತೆ.”

“ಅವಳು ಯಾವ ಕಡೆ ನೋಡ್ತಿರ್ತಾಳೆ?”

“ಅವನನ್ನೇ!”

“ಅಷ್ಟುದ್ದ ಮಾತಾಡೋವಾಗಲೂನಾ? ಮಧ್ಯೆ ಒಂದ್ಸಲ ಗಡಿಯಾರ ನೋಡಲ್ವಾ?” ಅವರು ಪೆನ್ಸಿಲು ಕಿವಿಯ ಮೇಲಿಟ್ಟರು. “ನೋಡು ವಜ್ದಿ, ಬರೆಯೋನಿಗೆ ಮಾತಿದ್ರೆ ಸಾಕು. ನನಗೆ ಕೈ ಬೇಕು, ಕಣ್ಣು ಬೇಕು, ಇಬ್ಬರ ಮಧ್ಯೆ ಎಷ್ಟು ಗೇಣು ದೂರ ಅಂತ ಬೇಕು. ನೀನು ಇನ್ಶಿರಾಹ್‌ನ ಮದುವೆ ಆಗ್ತೀಯಾ ಅಂತ ಕೇಳಿದ್ಯಲ್ಲ, ಅವತ್ತು ಹೇಗೆ ನಿಂತಿದ್ದೆ? ಅದನ್ನ ಹೇಳು ಸಾಕು.”

ಇನ್ಶಿರಾಹ್ ನನ್ನ ಹೆಂಡತಿ. ಹೆಣ್ಣುಮಕ್ಕಳ ಶಾಲೆಯಲ್ಲಿ ಭೂಗೋಳದ ಟೀಚರ್. ಮದುವೆಯಾಗಿ ನಾಲ್ಕು ವರ್ಷ.

“ಅದಕ್ಕೇನಂತೆ!” ಎಂದೆ. ಕಣ್ಣು ಮುಚ್ಚಿದೆ. ಎಲ್ಲ ಕಣ್ಣ ಮುಂದೆ ಬಂತು! ಸಮುದ್ರದ ಪಕ್ಕದ ಕಾರ್ನಿಶ್ ರಸ್ತೆ, ಸಂಜೆಯ ಬಿಸಿಲು, ಕಲ್ಲಿನ ಕಟ್ಟೆ. ನನ್ನ ಕೈಯಲ್ಲಿ ಮಲ್ಲಿಗೆ ಮಾಲೆ. ಅವಳು ಸ್ವಲ್ಪ ಬಗ್ಗಿದಳು, ನಾನು ಕೊರಳಿಗೆ ಹಾಕಿದೆ, ಅವಳು ಕಣ್ಣು ಮುಚ್ಚಿ ಪರಿಮಳ ಎಳೆದುಕೊಂಡಳು. ಹೇಳುತ್ತಾ ಹೇಳುತ್ತಾ ಇಲ್ಲದ ಮಾಲೆಯನ್ನು ಎರಡೂ ಕೈಯಿಂದ ಗಾಳಿಯಲ್ಲಿ ಎತ್ತಿ ಹಿಡಿದಿದ್ದೆ.

ಮೇಡಂ ನಾಹಿದ್ ಮೊದಲ ಸಲ ನನ್ನನ್ನು ಮೆಚ್ಚುಗೆಯಿಂದ ನೋಡಿದರು. “ಪರವಾಗಿಲ್ಲ ಕಣೋ. ನಿನ್ನೊಳಗೆ ಇಷ್ಟೆಲ್ಲ ಇದೆ ಅಂತ ಗೊತ್ತಿರಲಿಲ್ಲ.”

ಮುರ್ಜಾನ್ ದುರ್ರಿಯಾಳಿಗೆ ಮಲ್ಲಿಗೆ ಮಾಲೆ ಹಾಕುವ ಎಂಥ ಚಿತ್ರ ಬರೆದರು ಅಂತೀರಿ! ಗುರುವಾರ ಸಂಚಿಕೆ ಹೊರಬಿತ್ತು. ನಾನು ಒಂದು ಪ್ರತಿಯನ್ನು ಕಂಕುಳಲ್ಲಿಟ್ಟು, ಯುದ್ಧ ಗೆದ್ದ ಸೇನಾಪತಿಯಂತೆ ಮನೆಗೆ ಬಂದೆ.

ಇನ್ಶಿರಾಹ್ ಮಕ್ಕಳು ಬಿಡಿಸಿದ ನಕ್ಷೆಗಳನ್ನು ತಿದ್ದುತ್ತಾ ಕುಂಬಳದ ಬೀಜ ಕಚ್ಚುತ್ತಿದ್ದಳು. ನಾನು ಪುಟ ತೆರೆದು ನಕ್ಷೆಗಳ ಮೇಲೆ ಹಾಸಿದೆ. ಅವಳು ನೋಡಿದಳು. ಬೀಜ ಕಚ್ಚುವ ಸದ್ದು ನಿಂತಿತು. ಕಣ್ಣೀರಿಗಾಗಿ ನಾನು ಕಾದೆ.

“ಚೆನ್ನಾಗಿದೆ. ಯಾರಿವಳು?”

“ದುರ್ರಿಯಾ! ಒಂಬತ್ತು ವರ್ಷದಿಂದ ಬರ್ತಿದ್ದಾಳಲ್ಲ!”

“ಅದು ಗೊತ್ತು. ಈ ಮಲ್ಲಿಗೆ ಯಾರದ್ದು?”

“ಅಯ್ಯೋ ಇನ್ಶಿರಾಹ್, ಇದು ನಮ್ಮ ಕಥೆ! ಆ ಸಂಜೆ! ನಾನು ನಿನ್ನನ್ನ ಕೇಳಿದ ಸಂಜೆ!”

ಅವಳು ನಿಧಾನವಾಗಿ ಕೆಂಪು ಪೆನ್ನಿಗೆ ಮುಚ್ಚಳ ಹಾಕಿದಳು. “ವಜ್ದಿ, ಮಲ್ಲಿಗೆ ಮೂಸಿದ್ರೆ ನನಗೇನಾಗುತ್ತೆ?”

“ಏನಾಗುತ್ತೆ?”

“ಸೀನು ಬರುತ್ತೆ. ಒಂದಲ್ಲ ಎರಡಲ್ಲ, ಹದಿನಾಲ್ಕು. ಮದುವೆ ದಿನ ನಿನ್ನ ಚಿಕ್ಕಮ್ಮ ಒಂದು ಮಾಲೆ ತಂದು ಕೊರಳಿಗೆ ಹಾಕಿದ್ದಕ್ಕೆ ಫೋಟೋದಲ್ಲಿ ನನ್ನ ಕಣ್ಣು ಮುಚ್ಚಿದೆ, ಬಾಯಿ ತೆರೆದಿದೆ. ಅಲ್ಲೇ ಗೋಡೆ ಮೇಲಿದೆ, ನೋಡು!”

ನೋಡಿದೆ. ನಾಲ್ಕು ವರ್ಷದಿಂದ ಅದನ್ನು ನಾನು ನಾಚಿಕೆ ಎಂದುಕೊಂಡಿದ್ದೆ.

“ನೀನು ನನ್ನನ್ನ ಕೇಳಿದ್ದು ಟ್ರಾಮಿನಲ್ಲಿ. ಕ್ಲಿಯೋಪಾತ್ರಾ ಸ್ಟಾಪು ದಾಟಿದ ಮೇಲೆ, ನಿಂತ್ಕೊಂಡು. ಏನಂತ ಕೇಳಿದ್ದೆ ಹೇಳು ನೋಡೋಣ?”

“ಏನಂತ?”

“‘ನಿಮ್ಮಮ್ಮ ಶುಕ್ರವಾರ ಮನೇಲಿರ್ತಾರಾ?’ ಅಷ್ಟೇ! ಅಮ್ಮ ಹೊಲಿಗೆ ಮಾಡ್ತಾರಲ್ಲ, ಪ್ಯಾಂಟು ಉದ್ದ ಮಾಡಿಸೋಕೆ ಬರ್ತಿದ್ದೀಯ ಅಂದ್ಕೊಂಡಿದ್ದೆ.”

“ಎಂಥಾ ಪ್ರೇಮದ ಸೀನನ್ನ ಹಾಳು ಮಾಡ್ತಿದ್ದೀಯ ನೀನು!”

“ನನಗೂ ಮಲ್ಲಿಗೆಗೂ ಇರೋದು ಒಂದೇ ಸೀನು ವಜ್ದಿ. ಆಕ್ಷೀ!”

ಇಲ್ಲಿಗೆ ನಿಲ್ಲಿಸಬಹುದಿತ್ತು. ‘ಹೌದು, ಕಥೆಗೋಸ್ಕರ ಕಟ್ಟಿದ್ದು’ ಎಂದು ನಕ್ಕುಬಿಟ್ಟಿದ್ದರೆ ಅವಳೂ ನಗುತ್ತಿದ್ದಳು. ಆದರೆ ನನಗೆ ಆ ಮಲ್ಲಿಗೆ ನಿಜವಾಗಿಯೂ ನೆನಪಿತ್ತು! ಪ್ರಾಮಾಣಿಕತೆ ಎಂಬ ಭೂತ ಹೆಗಲೇರಿತು.

“ಇಲ್ಲ, ನೀನೇ ಮರೆತಿದ್ದೀಯ. ನನಗೆ ಕಣ್ಣಿಗೆ ಕಟ್ಟಿದ ಹಾಗಿದೆ! ನೀನು ಬಗ್ಗಿದೆ, ನಾನು ಮಾಲೆ ಹಾಕ್ದೆ, ನಿನ್ನ ಬಿಳಿ ಟೋಪಿ ಸ್ವಲ್ಪ ಜಾರ್ತು...”

ಇನ್ಶಿರಾಹ್ ಬೀಜದ ಬಟ್ಟಲನ್ನು ಪಕ್ಕಕ್ಕೆ ಸರಿಸಿದಳು.

“ಬಿಳಿ ಟೋಪಿ?” ಎಂದಳು. “ನಾನು ಯಾವತ್ತು ಬಿಳಿ ಟೋಪಿ ಹಾಕಿದ್ದೆ?”

ನನಗೂ ಗೊತ್ತಾಗಲಿಲ್ಲ. ಟೋಪಿ ಎಲ್ಲಿಂದ ಬಂತು? ಆದರೆ ಅದು ಇತ್ತು! ಬೆಳ್ಳಗೆ, ಇಸ್ತ್ರಿ ಹಾಕಿದ್ದು, ಒಂದು ಪಿನ್ನಿನ ಸಮೇತ!

“ಉಸ್ತಾದ್ ವಜ್ದಿಯವರೇ” ಎಂದಳು ನನ್ನ ಹೆಂಡತಿ. ಅವಳು ನನ್ನನ್ನು ಬಹುವಚನದಲ್ಲಿ ಕರೆದಳೆಂದರೆ ಬಂದರಿನಲ್ಲಿ ಬಿರುಗಾಳಿಯ ಕಪ್ಪು ಬಾವುಟ ಏರಿತೆಂದೇ ಅರ್ಥ. “ನಾನು ಅನ್ಫೂಷಿಗೆ, ಅಮ್ಮನ ಮನೆಗೆ ಹೋಗ್ತಿದ್ದೀನಿ. ಆ ಬಿಳಿ ಟೋಪಿಯವರ ಹೆಸರು ನೆನಪಾದಾಗ ಹೇಳಿ ಕಳಿಸಿ.”

ಎರಡು ಪೆಟ್ಟಿಗೆಯಷ್ಟು ಸಾಮಾನೇನೂ ಅವಳು ಕಟ್ಟಲಿಲ್ಲ. ನಕ್ಷೆಗಳ ಸುರುಳಿ, ಕೆಂಪು ಪೆನ್ನು, ಚಪ್ಪಲಿ. ಕಾಗದದ ಹೆಣ್ಣಿಗೆ ನಾನು ಹಾಕಿದ್ದು ಮಲ್ಲಿಗೆಯ ಹಾರ, ಹಾರಿಹೋದದ್ದು ಮಾತ್ರ ಮನೆಯ ಹೆಣ್ಣು!

ಶುಕ್ರವಾರ ಇಡೀ ದಿನ ಒಣಗಿದ ಬ್ರೆಡ್ಡು, ಹುರುಳಿಕಾಯಿಯ ಡಬ್ಬಿ ಮುಂದಿಟ್ಟುಕೊಂಡು ಕುಳಿತೆ. ಹೆಂಡತಿ ಹೋದದ್ದು ಸಂಕಟವೇ. ಆದರೆ ಅದಕ್ಕಿಂತ ದೊಡ್ಡದೊಂದು ಹುಳ ನನ್ನ ತಲೆ ಹೊಕ್ಕಿತ್ತು. ಯಾರವಳು? ನಾನು ಯಾರಿಗೆ ಮಾಲೆ ಹಾಕಿದ್ದೆ? ಇಷ್ಟು ಚೆನ್ನಾಗಿ ಪ್ರೀತಿಸಿ ಹೆಸರನ್ನೇ ಮರೆಯುವ ಗಂಡಸು ಎಂಥವನು? ನನ್ನ ಬಗ್ಗೆ ನನಗೇ ಒಂದು ತರಹದ ಗೌರವ ಹುಟ್ಟತೊಡಗಿತು!

ಕಾಲೇಜಿನ ಸಮೀಹಾ ಇರಬಹುದೇ? ಅವಳು ನನಗೆ ಕೊಟ್ಟದ್ದು ಟಿಪ್ಪಣಿ ಪುಸ್ತಕ, ನಾನು ಅವಳಿಗೆ ಕೊಟ್ಟದ್ದು ಅದನ್ನೇ ವಾಪಸ್ಸು. ಹಲ್ಲಿನ ಡಾಕ್ಟರ ಬಳಿ ಒಬ್ಬ ಸಹಾಯಕಿ ಇದ್ದಳು, ಬಿಳಿ ಟೋಪಿ ಹಾಕುತ್ತಿದ್ದಳು, ನಿಜ. ಆದರೆ ಅವಳನ್ನು ನೆನೆದರೆ ಮಲ್ಲಿಗೆಯಲ್ಲ, ಲವಂಗದೆಣ್ಣೆಯ ವಾಸನೆ ಬರುತ್ತಿತ್ತು. ಜೊತೆಗೆ ದವಡೆ ನೋಯುತ್ತಿತ್ತು.

ಸಂಜೆ ಕಾರ್ನಿಶ್‌ಗೇ ಹೋದೆ. ಸ್ಥಳ ಪರಿಶೀಲನೆ! ಮಾಲೆ ಮಾರುವವನು ತೋಳಿನ ತುಂಬ ಮಲ್ಲಿಗೆ ನೇತುಹಾಕಿಕೊಂಡು ಎದುರಾದ.

“ಒಂದು ತಗೊಳ್ಳಿ ಸಾಹೇಬ್ರೇ. ಯಾರಿಗೆ?”

“ಅದೇ ಗೊತ್ತಾಗ್ತಿಲ್ಲಪ್ಪ” ಎಂದೆ.

ಅವನು ಒಂದು ಹೆಜ್ಜೆ ಹಿಂದೆ ಸರಿದು, ನನ್ನನ್ನು ಮೇಲಿಂದ ಕೆಳಗೆ ನೋಡಿ, “ಗೊತ್ತಾದ ಮೇಲೆ ಬನ್ನಿ. ಗೊತ್ತಿಲ್ಲದೆ ತಗೊಂಡೋರೆಲ್ಲ ಪೆಟ್ಟು ತಿಂದಿದ್ದಾರೆ” ಎಂದ.

ಕೊನೆಗೆ ಶನಿವಾರ ದಮನ್‌ಹೂರಿನಲ್ಲಿರುವ ನನ್ನ ಅಕ್ಕ ಅವಾತಿಫ್‌ಗೆ ಫೋನು ಮಾಡಿದೆ. ನನ್ನನ್ನು ಎತ್ತಿ ಆಡಿಸಿದವಳು. ನನ್ನ ಹಾಲುಹಲ್ಲಿನ ಲೆಕ್ಕವೂ ಅವಳ ಬಳಿ ಇದೆ.

“ಅಕ್ಕಾ, ಕಾರ್ನಿಶ್‌ನಲ್ಲಿ, ಸಂಜೆ ಹೊತ್ತು, ಬಿಳಿ ಟೋಪಿ ಹಾಕಿದ ಹುಡುಗಿಗೆ ನಾನು ಯಾವಾಗಾದ್ರೂ ಮಲ್ಲಿಗೆ ಮಾಲೆ ಹಾಕಿದ್ನಾ?”

ಆ ಕಡೆ ಪಾತ್ರೆ ಬಿದ್ದ ಸದ್ದು. ಆಮೇಲೆ ನಗು. ಟೆಲಿಫೋನಿನ ತಂತಿ ಹರಿಯುವಷ್ಟು ನಗು!

“ಅಯ್ಯೋ ದೇವರೇ! ನೀನಲ್ಲ ಕಣೋ ಹಾಕಿದ್ದು! ವಿಮಾನದ ಆಫೀಸರು!”

“ಯಾವ ಆಫೀಸರು?”

“ನಾನು ತರಿಸ್ತಿದ್ದ ಪ್ರೇಮಕಥೆಯ ಕಾಮಿಕ್ಸ್ ನೆನಪಿಲ್ವಾ? ನೀನು ಮಂಚದ ಕೆಳಗೆ ನುಗ್ಗಿ ಕದ್ದು ಓದ್ತಿದ್ದೆ. ಅದ್ರಲ್ಲಿ ಆಫೀಸರು ನರ್ಸಿಗೆ ಮಾಲೆ ಹಾಕ್ತಾನೆ. ನೀನು ಹನ್ನೊಂದು ವರ್ಷದ ಪೋರ! ಎರಡು ದಿನ ಅತ್ತಿದ್ದೆ. ಆ ಪುಟ ಹರಿದು ದಿಂಬಿನ ಕೆಳಗೆ ಇಟ್ಕೊಂಡಿದ್ದೆ. ನಾನು ನಿನ್ನ ಕಿವಿ ಹಿಂಡಿ, ಪುಟ ಕಿತ್ಕೊಂಡು, ಮೈದಾ ಅಂಟು ಹಾಕಿ ಮತ್ತೆ ಅಂಟಿಸ್ದೆ!”

ಭಾನುವಾರ ಬೆಳಗಿನ ರೈಲಿಗೆ ದಮನ್‌ಹೂರಿಗೆ ಓಡಿದೆ. ಈರುಳ್ಳಿ ಚೀಲದ ಪಕ್ಕದ ಪೆಟ್ಟಿಗೆಯಿಂದ ಅಕ್ಕ ಆ ಪುಸ್ತಕ ತೆಗೆದು ಕೊಟ್ಟಳು. ಪುಟ ತೆರೆದೆ. ಕಾರ್ನಿಶ್, ಸಂಜೆ, ಕಲ್ಲಿನ ಕಟ್ಟೆ, ಜಾರಿದ ಬಿಳಿ ಟೋಪಿ, ಪಿನ್ನು! ಅಷ್ಟೇ ಅಲ್ಲ. ಆಫೀಸರನ ಬಾಯಿಂದ ಹೊರಟ ಗುಳ್ಳೆಯಲ್ಲಿ, “ಏಳು ಆಕಾಶಗಳ ಎತ್ತರ ಅಳೆದ ನಾನು ನಿನ್ನ ಕಣ್ಣುಗಳ ಎತ್ತರ...” ಎಂದಿತ್ತು. ಆಕಾಶಕ್ಕೆ ಕಡಲು, ಎತ್ತರಕ್ಕೆ ಆಳ. ನಾನು ಬದಲಾಯಿಸಿದ್ದು ಇಷ್ಟೇ! ನನ್ನ ಜಂಬದ ಗುಳ್ಳೆ ಅಲ್ಲೇ ಟಪ್ಪೆಂದು ಒಡೆಯಿತು.

ವಾಪಸು ಬರುವಾಗ ರೈಲಿನಲ್ಲಿ ಕುಳಿತು ಆ ಟ್ರಾಮನ್ನು ನೆನೆಯಲು ಯತ್ನಿಸಿದೆ. ನಿಜವಾಗಿ ನಡೆದದ್ದು ಅದು ತಾನೇ! ಬಹಳ ಹೊತ್ತು ಏನೂ ಬರಲಿಲ್ಲ. ಆಮೇಲೆ ನಕ್ಷೆಯ ಒಂದು ಸುರುಳಿ ಕಂಡಿತು. ಅವಳ ಕಂಕುಳಲ್ಲಿದ್ದ ಆ ಸುರುಳಿ ಹಿಂದೆ ನಿಂತ ಮುದುಕರ ಬೆನ್ನಿಗೆ ಚುಚ್ಚುತ್ತಿತ್ತು, ಅವರು ಬೈಯುತ್ತಿದ್ದರು, ಅವಳು ನಗು ತಡೆಯಲು ತುಟಿ ಕಚ್ಚಿಕೊಂಡಿದ್ದಳು. ಅಷ್ಟೇ. ನಾನು ಕೇಳಿದ ಮೇಲೆ ಅವಳ ಮುಖ ಹೇಗಾಯಿತು? ಗೊತ್ತಿಲ್ಲ. ಆಗ ನಾನು ಕಿಟಕಿಯ ಕಡೆ ತಿರುಗಿದ್ದೆ. ಕಾಗದದ ನರ್ಸಿನ ಟೋಪಿಯ ಪಿನ್ನು ನೆನಪಿದೆ, ಹೆಂಡತಿಯ ಮುಖ ನೆನಪಿಲ್ಲ!

ಸೋಮವಾರ ಅನ್ಫೂಷಿಯಲ್ಲಿ ನ್ಯಾಯಾಲಯ ಸೇರಿತು. ಮುಂದಿನ ಸಂಚಿಕೆಯ ಪುಟ ಅವತ್ತು ಸಂಜೆಯೇ ಅಚ್ಚಿಗೆ ಹೋಗಬೇಕು, ಕೊನೆಯ ಚೌಕ ಬಾಕಿ. ಮೇಡಂ ನಾಹಿದ್ ನನ್ನ ಬೆನ್ನು ಬಿಡದೆ ಜೊತೆಗೇ ಹೊರಟರು. “ಚಿತ್ರ ಬರೆದ ಪಾಪದಲ್ಲಿ ನನಗೂ ಪಾಲಿದೆ. ಅಲ್ಲದೆ, ಹದಿನಾಲ್ಕು ಸಲ ಸೀನೋ ಹುಡುಗೀನ ನೋಡ್ಬೇಕು” ಎಂದರು.

ನ್ಯಾಯಾಧೀಶೆ ನನ್ನ ಅತ್ತೆ, ಹಜ್ ಯಾತ್ರೆ ಮಾಡಿ ಬಂದ ಹಾಜಾ ನಬವಿಯ್ಯಾ. ಹೊಲಿಗೆ ಯಂತ್ರದ ಹಿಂದೆ, ಬಾಯಲ್ಲಿ ಮೂರು ಗುಂಡುಸೂಜಿ ಕಚ್ಚಿಕೊಂಡು ಕುಳಿತಿದ್ದರು. ಪಕ್ಕದ ಕುರ್ಚಿಯಲ್ಲಿ ಇನ್ಶಿರಾಹ್. ನನ್ನ ಕಡೆ ನೋಡಲಿಲ್ಲ. ಮೇಡಂ ನಾಹಿದ್‌ಗೆ ಮಾತ್ರ ಮೆತ್ತನೆಯ ದಿಂಬು ಕೊಟ್ಟಳು.

ನಾನು ಪುಸ್ತಕ ತೆರೆದು ಮುಂದಿಟ್ಟೆ. “ಅಮ್ಮ ಹಾಜಾ, ಇವಳೇ ಆ ಬಿಳಿ ಟೋಪಿಯವಳು. ಹನ್ನೊಂದನೇ ವಯಸ್ಸಲ್ಲಿ ಓದಿದ್ದು. ಇವಳು ಬರೀ ಕಾಗದ! ಬೇರೆ ಯಾರೂ ಇಲ್ಲ, ವಲ್ಲಾಹಿ, ದೇವರಾಣೆ!”

ಅತ್ತೆ ಕನ್ನಡಕ ಏರಿಸಿ ನರ್ಸನ್ನು ಬಹಳ ಹೊತ್ತು ಪರೀಕ್ಷಿಸಿದರು. ಗುಂಡುಸೂಜಿಗಳನ್ನು ಒಂದೊಂದಾಗಿ ಬಾಯಿಂದ ತೆಗೆದರು.

“ಯಾರ ಮಗಳು?”

“ಯಾರ ಮಗಳೂ ಅಲ್ಲ ಅಮ್ಮ, ಚಿತ್ರ!”

“ನೋಡು ಮಗನೇ, ಜೀವ ಇರೋ ಹೆಂಗಸಾಗಿದ್ರೆ ನಾನು ಹೋಗಿ ಜಡೆ ಹಿಡಿದು ನಾಲ್ಕು ಮಾತಾಡಿ ಬರ್ತಿದ್ದೆ. ಇವಳನ್ನ ಏನ್ಮಾಡ್ಲಿ? ವಯಸ್ಸಾಗಲ್ಲ, ದಪ್ಪ ಆಗಲ್ಲ, ಒಂದು ಮಾತು ಎದುರಾಡಲ್ಲ. ಇಂಥವಳ ಜೊತೆ ನನ್ನ ಮಗಳು ಹೇಗೆ ಬಾಳ್ವೆ ಮಾಡ್ಬೇಕು?”

ನಾನು ನರ್ಸಿನ ಮುಖದ ಮೇಲೆ ಅಂಗೈ ಮುಚ್ಚಿದೆ.

ಇನ್ಶಿರಾಹ್ ಪುಟವನ್ನು ತನ್ನ ಕಡೆ ಎಳೆದುಕೊಂಡು ಓದಿದಳು. ಅವಳ ತುಟಿ ಒಂದು ಸಲ ಅಲುಗಿತು. ನಗುವೋ ಕೋಪವೋ ತಿಳಿಯಲಿಲ್ಲ.

“ಹನ್ನೊಂದನೇ ವಯಸ್ಸಲ್ಲಿ ನೋಡಿದ್ದು ಇಷ್ಟು ಚೆನ್ನಾಗಿ ನೆನಪಿದೆ ನಿಮಗೆ” ಎಂದಳು. ಇನ್ನೂ ಬಹುವಚನ!

ರೈಲಿನಲ್ಲಿ ಕಟ್ಟಿಕೊಂಡು ಬಂದ ಕ್ಷಮಾಪಣೆಯ ಭಾಷಣ ನನ್ನಲ್ಲಿತ್ತು. ಎದ್ದು ನಿಂತೆ. ಎದೆಯ ಮೇಲೆ ಕೈ ಇಟ್ಟೆ. “ಇನ್ಶಿರಾಹ್...” ಎಂದೆ. ಮುಂದಿನದು ಮರೆತುಹೋಯಿತು! ಬಾಯಿ ತೆರೆದೇ ಇತ್ತು, ಮಾತಿಲ್ಲ. ಒಂಬತ್ತು ವರ್ಷ ಊರಿನವರ ಬಾಯಿಗೆಲ್ಲ ಮಾತು ತುಂಬಿದವನು ನೀರಿನಿಂದ ತೆಗೆದ ಮೀನಿನಂತೆ ನಿಂತಿದ್ದೆ.

“ಸಾಕು, ಕೂತ್ಕೋ” ಎಂದರು ಅತ್ತೆ. “ಮೀನು ಆರಿಹೋಗುತ್ತೆ. ಜಗಳ ಆರಿದ್ರೆ ನಷ್ಟ ಇಲ್ಲ.”

ಊಟಕ್ಕೆ ಬೂರಿ ಮೀನು, ಕಂದು ಬಣ್ಣದ ಈರುಳ್ಳಿ ಅನ್ನ. ತಲೆ ತಗ್ಗಿಸಿ ತಟ್ಟೆಯನ್ನೇ ನೋಡುತ್ತಾ ಕುಳಿತೆ. ನನಗೆ ಮೀನು ತಿನ್ನಲು ಬರುವುದಿಲ್ಲ. ಅಲೆಕ್ಸಾಂಡ್ರಿಯಾದಲ್ಲಿ ಇದನ್ನು ಹೊರಗೆ ಹೇಳುವಂತಿಲ್ಲ. ಮೊದಲನೇ ತುತ್ತಿಗೇ ಮುಳ್ಳು ಸಿಕ್ಕಿ ಕೆಮ್ಮಿದೆ. ಸ್ವಲ್ಪ ಹೊತ್ತಿಗೆ ನನ್ನ ತಟ್ಟೆ ಎಡಕ್ಕೆ ಸರಿಯಿತು. ಇನ್ಶಿರಾಹ್, ಮುಖ ಆ ಕಡೆಗೇ ಇಟ್ಟುಕೊಂಡು, ತಾಯಿಯೊಂದಿಗೆ ಗುಂಡಿಗಳ ವಿಷಯ ಮಾತಾಡುತ್ತಲೇ, ನನ್ನ ಮೀನಿನ ಮುಳ್ಳುಗಳನ್ನು ಒಂದೊಂದಾಗಿ ಬೆರಳಿನಿಂದ ಎಳೆದು ತಟ್ಟೆಯ ಅಂಚಿಗೆ ಸಾಲಾಗಿ ಇಡುತ್ತಿದ್ದಳು. ಮುಗಿಸಿ ತಟ್ಟೆ ವಾಪಸು ತಳ್ಳಿದಳು. ನಾನು ತಿಂದೆ.

ತಲೆ ಎತ್ತಿದಾಗ ಮೇಡಂ ನಾಹಿದ್ ಊಟ ನಿಲ್ಲಿಸಿ ನಮ್ಮನ್ನೇ ನೋಡುತ್ತಿದ್ದರು. ಕೈಯಲ್ಲಿದ್ದ ರೊಟ್ಟಿ ಗಾಳಿಯಲ್ಲೇ ನಿಂತಿತ್ತು.

ಹೊರಡುವಾಗ ಬಾಗಿಲಲ್ಲಿ ಕೇಳಿದೆ, “ಮನೆಗೆ ಬರ್ತೀಯಾ?”

“ಮುಂದಿನ ಸಂಚಿಕೆ ನೋಡಿ ಹೇಳ್ತೀನಿ” ಎಂದಳು.

ಅರ್ಥವಾಯಿತಲ್ಲ? ನನ್ನ ಸಂಸಾರ ಈಗ ಒಂದು ಚೌಕದ ಮೇಲೆ ನಿಂತಿತ್ತು! ವಾಪಸು ಬರುವ ಟ್ರಾಮಿನಲ್ಲಿ ಮರೆತ ಭಾಷಣವೆಲ್ಲ ಮಳೆಯಂತೆ ಸುರಿಯಿತು. ಅದನ್ನು ಕ್ಯಾಪ್ಟನ್ ಮುರ್ಜಾನನ ಬಾಯಲ್ಲಿಟ್ಟು, ದುರ್ರಿಯಾಳ ಕ್ಷಮೆ ಕೇಳಿಸಿ, ಅಕ್ಷರ ಅಕ್ಷರವಾಗಿ ಮೇಡಂ ನಾಹಿದ್ ಕೈಯಲ್ಲಿ ಬರೆಸಿದೆ. ನೂರ ಹದಿನೆಂಟು ಪದ. ಎಲ್ಲ ಸ್ವಂತದ್ದು! “ಹೂಂ, ಹೂಂ” ಎನ್ನುತ್ತಾ ಬರೆದುಕೊಂಡರು. “ಒಂದು ಪದಾನೂ ಬಿಡಬೇಡಿ ಮೇಡಂ” ಎಂದೆ. “ನೀನು ಚಿಂತೆ ಬಿಡು” ಎಂದರು.

ಗುರುವಾರ ಬೆಳಿಗ್ಗೆ ಗೂಡಂಗಡಿಯ ಮುಂದೆ ನಿಂತು ಪುಟ ತೆರೆದೆ. ಕೊನೆಯ ಚೌಕದಲ್ಲಿ ಔಷಧಿ ಅಂಗಡಿಯ ಹಿಂದಿನ ಪುಟ್ಟ ಮೇಜು. ಕ್ಯಾಪ್ಟನ್ ಮುರ್ಜಾನ್ ಶಾಲೆಯಲ್ಲಿ ಶಿಕ್ಷೆಗೊಳಗಾದವನಂತೆ ಕುಳಿತಿದ್ದಾನೆ. ರಬ್ಬರು ಪಾದಗಳು ಮೇಜಿನ ಕೆಳಗೆ ಒಂದರ ಮೇಲೊಂದು. ದುರ್ರಿಯಾ ಮುಖ ಆಚೆಗಿಟ್ಟು ಅವನ ಮೀನಿನ ಮುಳ್ಳು ತೆಗೆಯುತ್ತಿದ್ದಾಳೆ. ಅವನು ಅವಳ ಬೆರಳುಗಳನ್ನು ನೋಡುತ್ತಿದ್ದಾನೆ. ಅಷ್ಟೇ! ಗುಳ್ಳೆ ಇಲ್ಲ. ನೂರ ಹದಿನೆಂಟು ಪದಗಳಲ್ಲಿ ಒಂದೂ ಇಲ್ಲ. ನನ್ನ ಕ್ಷಮಾಪಣೆ ಇಲ್ಲ, ಅಂದರೆ ನನ್ನ ಹೆಂಡತಿಯೂ ಇಲ್ಲ!

ಕಚೇರಿಗೆ ಫೋನು ಮಾಡಿ ಕೂಗಿದೆ. “ಮೇಡಂ! ನನ್ನ ಮಾತೆಲ್ಲಿ?”

“ಜಾಗ ಸಾಲಲಿಲ್ಲ ಮಗನೇ.”

“ಹಿಂದಿನ ಗೋಡೆ ಪೂರ್ತಿ ಖಾಲಿ ಇದೆಯಲ್ಲ!”

“ಆ ಖಾಲಿ ಇದೆಯಲ್ಲ, ಅದಕ್ಕೇ ಅಷ್ಟು ಜಾಗ ಬೇಕಿತ್ತು” ಎಂದು ಇಟ್ಟುಬಿಟ್ಟರು.

ಮಧ್ಯಾಹ್ನ ಉಸ್ತಾದ್ ಇಸ್ಮತ್ ಅವರೇ ಫೋನು ಮಾಡಿದರು. ಕೆಲಸ ಹೋಯಿತೆಂದುಕೊಂಡೇ ಎತ್ತಿದೆ.

“ವಜ್ದಿ! ಬೆಳಿಗ್ಗೆಯಿಂದ ಫೋನು ನಿಂತಿಲ್ಲ ಕಣಯ್ಯ! ಒಬ್ಬಾಕೆ ಅತ್ತುಬಿಟ್ರು! ಒಂಬತ್ತು ವರ್ಷದಲ್ಲಿ ನೀನು ಬರೆದಿರೋದ್ರಲ್ಲೆಲ್ಲ ಇದೇ ಅತ್ಯುತ್ತಮ ಚೌಕ!”

“ಆದ್ರೆ ಉಸ್ತಾದ್... ಅದ್ರಲ್ಲಿ ನಾನು ಏನೂ ಬರ್ದಿಲ್ವಲ್ಲ.”

“ನೋಡ್ದೆ. ಹಾಗೇ ಮುಂದುವರಿಸು” ಎಂದರು.

ಬೀಗಬೇಕೋ ಅಳಬೇಕೋ ತಿಳಿಯದೆ ಕುಳಿತಿದ್ದಾಗ ಬಾಗಿಲಲ್ಲಿ ಕೀಲಿಯ ಸದ್ದು. ಇನ್ಶಿರಾಹ್! ಕಂಕುಳಲ್ಲಿ ನಕ್ಷೆಗಳ ಸುರುಳಿ, ಕೈಯಲ್ಲಿ ನಮ್ಮ ಪತ್ರಿಕೆ. ಕಣ್ಣು ಕೆಂಪಾಗಿತ್ತು. ಈ ಸಲ ಅವಳ ಮುಖವನ್ನು ಸರಿಯಾಗಿ ನೋಡಿದೆ. ಹಣೆಯಿಂದ ಗಲ್ಲದವರೆಗೆ, ಮರೆಯದ ಹಾಗೆ.

“ಏನು ಹಾಗೆ ನೋಡ್ತಿದ್ದೀಯ? ಮುಖಕ್ಕೆ ಮಸಿ ಮೆತ್ಕೊಂಡಿದೆಯಾ?” ಎಂದಳು. ಏಕವಚನ! ನನ್ನ ಜೀವ ವಾಪಸು ಬಂತು. ಜೀವದ ಹಿಂದೆಯೇ ಜಂಬವೂ ಬಂದುಬಿಡಬೇಕೇ!

“ನೋಡಿದ್ಯಾ ಇನ್ಶಿರಾಹ್? ಇಂಥ ಕಡೆ ಮಾತೇ ಬೇಡ ಅಂತ ತೀರ್ಮಾನ ಮಾಡೋಕೆ ಎದೆಗಾರಿಕೆ ಬೇಕು. ದೊಡ್ಡ ಬರಹಗಾರರಿಗೆ ಮಾತ್ರ...”

“ಮೇಡಂ ನಾಹಿದ್ ಬೆಳಿಗ್ಗೇನೇ ಫೋನು ಮಾಡಿ ನಿನ್ನ ನೂರ ಹದಿನೆಂಟು ಪದಾನೂ ಓದಿ ಹೇಳಿದ್ರು. ಅಮ್ಮ ಬಿದ್ದು ಬಿದ್ದು ನಕ್ಕು ಯಾರದ್ದೋ ಪ್ಯಾಂಟಿಗೆ ಮೂರು ಕಾಲು ಹೊಲಿದಿದ್ದಾರೆ.”

ನಾನು ಮೆತ್ತಗಾದೆ. “ಹಾಗಾದ್ರೆ ಯಾಕೆ ಬಂದೆ?”

“ಚಿತ್ರ ನೋಡಿ ಬಂದೆ.”

“ಅದ್ರಲ್ಲಿ ನನ್ನ ಪಾಲು ಅಂತ ಏನೂ ಇಲ್ವಾ?”

ನನ್ನ ಹೆಂಡತಿ ನ್ಯಾಯವಂತೆ. ಮಕ್ಕಳ ನಕ್ಷೆಗೂ ಅರ್ಧ ಅಂಕ ಕಡಿಮೆ ಕೊಟ್ಟವಳಲ್ಲ. ಸ್ವಲ್ಪ ಯೋಚಿಸಿದಳು.

“ಇಲ್ಲದೆ ಏನು! ಚಿತ್ರ ಬಿಡಿಸಿದ್ದು ಮೇಡಂ ನಾಹಿದ್. ಮುಳ್ಳು ಬಿಡಿಸಿದ್ದು ನಾನು. ತಿಂದಿದ್ದು ನೀನು!”